ಒಂದು ರೇಡಿಯೋ ಪ್ರಹಸನದ ಬೆಲೆ

ಜೆಕ್ ಸಿನಿಮಾ ಅಂದಕೂಡಲೇ ನಮ್ಮ ಫಿಲ್ಮ್ ಸೊಸೈಟಿ ಮಂದಿಗೆ ನೆನಪಾಗುವುದು ಮೆಂಜೆಲ್, ಫೊರ್ಮನ್ ಅವರ ಅರವತ್ತರ ದಶಕದ ಚಿತ್ರಗಳು. ಅದಕ್ಕೂ ಮೂವತ್ತು ವರ್ಷ ಮೊದಲು ಪ್ರಾಗ್‌ನ ಜನ ಹೊಟ್ಟೆ ಹುಣ್ಣಾಗುವಂತೆ ನಗುತ್ತಿದ್ದದ್ದು ವ್ಲಾಸ್ತಾ ಬುರಿಯಾನ್ ಎಂಬಾತನನ್ನು ನೋಡಿ. 'ಹಾಸ್ಯನಟರ ರಾಜ' ಅಂತಲೇ ಬಿರುದು. ಆ ರಾಜನಿಗೆ ಅವನ ದೇಶದವರೇ ಜೈಲು ತೋರಿಸಿದ ಕತೆ ಇದು.

ಹುಟ್ಟಿದ್ದು 1891ರಲ್ಲಿ, ಲಿಬೆರೆಟ್ಸ್‌ನಲ್ಲಿ. ಆಗ ಅದು ಆಸ್ಟ್ರಿಯಾ-ಹಂಗೇರಿ ಸಾಮ್ರಾಜ್ಯದ ಊರು, ಜರ್ಮನ್ ಮಾತಾಡುವವರೇ ಹೆಚ್ಚು. ಹಾಗಾಗಿ ಬುರಿಯಾನ್‌ಗೆ ಎರಡೂ ಭಾಷೆ ಸಲೀಸು. ಹುಡುಗ ಪ್ರಾಯದಲ್ಲಿ ಸ್ಪಾರ್ಟಾ ಫುಟ್‌ಬಾಲ್ ತಂಡದ ಗೋಲ್‌ಕೀಪರ್ ಬೇರೆ! ಆ ಚುರುಕು ಮೈ ಮುಂದೆ ಪರದೆ ಮೇಲೆ ಚೆನ್ನಾಗಿಯೇ ಕೆಲಸಕ್ಕೆ ಬಂತು. 1925ರಲ್ಲಿ ಪ್ರಾಗ್‌ನಲ್ಲಿ ತನ್ನದೇ ಹೆಸರಿನ ರಂಗಮಂದಿರ ಶುರುಮಾಡಿದ.

1930ರಲ್ಲಿ ಬಂದದ್ದು ಫೀಲ್ಡ್ ಮಾರ್ಷಲ್ ಕುರಿತ ಟಾಕಿ. ಮಾರ್ಷಲ್ ಆಗುವ ಕನಸು ಕಾಣುವ ನಿವೃತ್ತ ಕ್ಯಾಪ್ಟನ್ ಒಬ್ಬ ಮಾರ್ಷಲ್ ಸಮವಸ್ತ್ರ ತೊಟ್ಟು ಹೊರಟರೆ ದಂಡಿಗೆ ದಂಡೇ ಸಲಾಂ ಹೊಡೆಯುತ್ತದೆ. ಅದರ ಜರ್ಮನ್ ಅವತರಣಿಕೆಯಲ್ಲೂ ಬುರಿಯಾನ್‌ನೇ ನಾಯಕ. 1941ರ ಇನ್ನೊಂದು ಚಿತ್ರದಲ್ಲಿ ಟಿಕೆಟ್ ಇಲ್ಲದೆ ರೈಲು ಹತ್ತುವ ಬಡಪಾಯಿ ಸ್ಟೇಷನ್ ಮಾಸ್ಟರನ ವೇಷ ಹಾಕಿಕೊಂಡು ಇಡೀ ನಿಲ್ದಾಣ ಆಳುತ್ತಾನೆ. ಟೋಪಿ ಕಂಡರೆ ಬಗ್ಗುವ ಜನ, ಟೋಪಿ ಸಿಕ್ಕರೆ ಉಬ್ಬುವ ಮನುಷ್ಯ... ಇದೇ ಅವನ ಹಾಸ್ಯದ ಜೀವ. 1941ರಲ್ಲಿ ಪ್ರಾಗ್ ತುಂಬ ನಾಜಿ ಟೋಪಿಗಳಿದ್ದವು ಅನ್ನುವುದನ್ನು ಮರೆಯಬೇಡಿ. ಆ ನಗುವಿಗೆ ಬೇರೆಯೇ ಅರ್ಥ ಇದ್ದಿರಬೇಕು ಅಂತ ನನ್ನ ಗುಮಾನಿ.

ಅದೇ ವರ್ಷ ಸೆಪ್ಟೆಂಬರ್‌ನಲ್ಲಿ ಹೈಡ್ರಿಖ್ ಪ್ರಾಗ್‌ಗೆ ಬಂದ. ಬಂದ ಕೆಲವೇ ವಾರಗಳಲ್ಲಿ ನೂರಾರು ಜನರಿಗೆ ಮರಣದಂಡನೆ. ವರ್ಷದ ಕೊನೆಗೆ ರೇಡಿಯೋದಲ್ಲಿ ಒಂದು ಪ್ರಹಸನ ಬಂತು, ಲಂಡನ್ನಿನಲ್ಲಿದ್ದ ಜೆಕ್ ದೇಶಭ್ರಷ್ಟ ಸರ್ಕಾರವನ್ನು ಆಡಿಕೊಳ್ಳುವುದಕ್ಕೆ ಅಂತಲೇ ಮಾಡಿದ್ದು. ಅದರಲ್ಲಿ ವಿದೇಶಾಂಗ ಮಂತ್ರಿ ಯಾನ್ ಮಸಾರಿಕ್‌ನನ್ನು ಕುಡುಕನನ್ನಾಗಿ ಆಡಿ ತೋರಿಸಿದ್ದು ಬುರಿಯಾನ್.

ಅಷ್ಟೇ. ಯುದ್ಧ ಮುಗಿದದ್ದೇ ತಡ, 1945ರಲ್ಲಿ ಬಂಧನ. 1947ರಲ್ಲಿ ಶಿಕ್ಷೆ: ಮೂರು ತಿಂಗಳು ಜೈಲು, 5 ಲಕ್ಷ ಕ್ರೌನ್ ದಂಡ. ಮನೆ, ಆಸ್ತಿ, ರಂಗಮಂದಿರ ಎಲ್ಲ ಹೋಯಿತು. 1950ರ ತನಕ ಬಣ್ಣ ಹಚ್ಚುವ ಹಾಗಿಲ್ಲ.

ಹೈಡ್ರಿಖ್ ಕಾಲದಲ್ಲಿ 'ಆಗೋದಿಲ್ಲ' ಅನ್ನುವುದು ಸುಲಭವಿತ್ತಾ? ಖಂಡಿತ ಇಲ್ಲ. ಆದರೆ ಯಾರೂ ಅನ್ನಲೇ ಇಲ್ಲ ಅಂತಲ್ಲ. ಅದೇ ಕಾಲದ ಚೆಲುವ ನಾಯಕನಟ ಓಲ್ಡ್ರಿಖ್ ನೋವಿ ತನ್ನ ಯೆಹೂದಿ ಹೆಂಡತಿಗೆ ವಿಚ್ಛೇದನ ಕೊಡಲು ಒಪ್ಪದೆ 1944ರಲ್ಲಿ ಲೇಬರ್ ಕ್ಯಾಂಪ್ ಸೇರಿದ. ಪುಣ್ಯಕ್ಕೆ ಗಂಡ ಹೆಂಡತಿ ಇಬ್ಬರೂ ಬದುಕಿ ಬಂದರು. ಆದ್ದರಿಂದ ಬುರಿಯಾನ್ ಮಾಡಿದ್ದು ಸರಿ ಅನ್ನಲು ನನಗೆ ಬಾಯಿ ಬರುವುದಿಲ್ಲ. ಆದರೆ ಆರು ವರ್ಷ ಆಕ್ರಮಣಕಾರರ ಕಾರ್ಖಾನೆ, ಕಚೇರಿಗಳಲ್ಲಿ ತೆಪ್ಪಗೆ ದುಡಿದ ಎಷ್ಟೋ ಜನರಿದ್ದರಲ್ಲ, ಅವರ ಕೆಲಸಕ್ಕೆ ದನಿ ಇರಲಿಲ್ಲ. ಇವನ ದನಿಯೋ, ಮನೆಮನೆಗೂ ಗೊತ್ತಿದ್ದದ್ದು. ಸಿಕ್ಕಿಬಿದ್ದ.

1955ರಲ್ಲಿ 'ಒಂದಾನೊಂದು ಕಾಲದಲ್ಲಿ ಒಬ್ಬ ರಾಜ' ಅನ್ನುವ ಅರ್ಥದ ಹೆಸರಿನ ಬಣ್ಣದ ಚಿತ್ರ ಬಂತು. ಅಪ್ಪನನ್ನು ಉಪ್ಪಿನಷ್ಟು ಪ್ರೀತಿಸುತ್ತೇನೆ ಅನ್ನುವ ರಾಜಕುಮಾರಿಯ ಕತೆ. ರಾಜನ ಹೆಸರು 'ನಾನು, ಒಂದನೆಯವನು'. ಆ ಪಾತ್ರ ಯಾನ್ ವೆರಿಖ್‌ನದು. ಯುದ್ಧದ ವರ್ಷಗಳಲ್ಲಿ ಅಮೆರಿಕದಿಂದ ನಾಜಿಗಳ ವಿರುದ್ಧ ಜೆಕ್ ಭಾಷೆಯಲ್ಲಿ ರೇಡಿಯೋ ಕಾರ್ಯಕ್ರಮ ಕೊಡುತ್ತಿದ್ದವನು. ರಾಜನ ಆಸ್ಥಾನಿಕನಾಗಿ, ಹಳೆಯ 'ಹಾಸ್ಯನಟರ ರಾಜ' ಬುರಿಯಾನ್. ಪಾತ್ರದ ಹೆಸರು 'ಇತ್ಯಾದಿ'! ರೇಡಿಯೋದಲ್ಲಿ ಎದುರುಬದುರು ನಿಂತಿದ್ದ ಇಬ್ಬರೂ ಇಲ್ಲಿ ಒಂದೇ ಫ್ರೇಮಿನಲ್ಲಿ.

1962ರ ಜನವರಿ 31ರಂದು ಪ್ರಾಗ್‌ನಲ್ಲಿ ತೀರಿಕೊಂಡ. ಕೆಲವೇ ತಿಂಗಳಲ್ಲಿ ಹೆಂಡತಿ ನಿನಾಳೂ ಹೋದಳು. ತಲೆ ಮೇಲಿನ ಅಪರಾಧಿ ಪಟ್ಟ ಇಳಿದದ್ದು 1994ರಲ್ಲಿ.

ಮೊದಲ ಸಲ ನೋಡುವವರು ಸ್ಟೇಷನ್ ಮಾಸ್ಟರ್ ಚಿತ್ರದಿಂದ ಶುರು ಮಾಡಿ. ಜೆಕ್ ಒಂದಕ್ಷರ ಬರದಿದ್ದರೂ ನಗು ಬರುತ್ತದೆ.