ಕಡಿಮೆ ಬಿದ್ದ ಮೂಟೆಗೆ ಹೊಣೆ ಯಾರು? ಪಡಿತರ ದಾಸ್ತಾನು ಮೊಕದ್ದಮೆಗಳ ಕಾನೂನು ಚರಿತ್ರೆ

ನ್ಯಾಯಬೆಲೆ ಅಂಗಡಿಕಾರರ ಮೇಲಿನ ಕ್ರಿಮಿನಲ್ ಮೊಕದ್ದಮೆಗಳ ಬೇರು ಎರಡನೇ ಮಹಾಯುದ್ಧದ ಕಾಲದಲ್ಲಿದೆ. 1939ರ ಭಾರತ ರಕ್ಷಣಾ ನಿಯಮಗಳಲ್ಲಿ 81ನೆಯದು ಸರಕುಗಳ ಬೆಲೆ, ಹಂಚಿಕೆಗಳನ್ನು ಸರಕಾರದ ಹತೋಟಿಗೆ ತಂದಿತು. ಬಂಗಾಳದಲ್ಲಿ ಕ್ಷಾಮ ಬಿದ್ದ 1943ರಲ್ಲೇ ಬೊಂಬಾಯಿಯಲ್ಲಿ ಪಡಿತರ ಪದ್ಧತಿ ಆರಂಭವಾಯಿತು. ಯುದ್ಧ ಮುಗಿದರೂ ಅಭಾವ ಮುಗಿಯಲಿಲ್ಲ. 1946ರಲ್ಲಿ ತಾತ್ಕಾಲಿಕ ಕಾಯ್ದೆಯೊಂದು ಬಂತು. ಅದರ ಜಾಗಕ್ಕೆ ಬಂದ 1955ರ ಅಗತ್ಯ ವಸ್ತುಗಳ ಕಾಯ್ದೆ ಇಂದಿಗೂ ಉಳಿದಿದೆ. ಅದರ 3ನೇ ಕಲಮಿನಡಿ ಹೊರಡಿಸಿದ ಆದೇಶವನ್ನು ಮೀರಿದರೆ 7ನೇ ಕಲಮಿನಡಿ ಶಿಕ್ಷೆ.

ದಾಸ್ತಾನು ಪುಸ್ತಕಕ್ಕೂ ಅಂಗಡಿಯಲ್ಲಿರುವ ಮೂಟೆಗಳಿಗೂ ತಾಳೆಯಾಗದಿದ್ದರೆ ಅಷ್ಟೇ ಅಪರಾಧವೇ, ಅಥವಾ ಕೆಟ್ಟ ಉದ್ದೇಶವೂ ರುಜುವಾತಾಗಬೇಕೇ? ಈ ಕಾನೂನಿನ ಚರಿತ್ರೆ ಬಹುಮಟ್ಟಿಗೆ ಈ ಪ್ರಶ್ನೆಯ ಸುತ್ತಲೇ ಸುತ್ತಿದೆ. 1965ರಲ್ಲಿ ಸುಪ್ರೀಂ ಕೋರ್ಟಿನ ಮುಂದೆ ಬಂದದ್ದು ಮಧ್ಯಪ್ರದೇಶದ ಧಾರ್‌ನ ಧಾನ್ಯ ವ್ಯಾಪಾರಿಯೊಬ್ಬನ ಪ್ರಕರಣ. ಅವನ ಬಳಿ ಪರವಾನಗಿ ಇಲ್ಲದೆ 885 ಮಣಕ್ಕೂ ಹೆಚ್ಚು ಗೋಧಿ ಇತ್ತು. ಆದರೆ ಅವನು ಪರವಾನಗಿಗೆ ಅರ್ಜಿ ಹಾಕಿ, ಶುಲ್ಕ ಕಟ್ಟಿದ್ದ. ಲೆಕ್ಕಪತ್ರಗಳನ್ನು ಅಧಿಕಾರಿಗಳಿಗೆ ಕಳಿಸುತ್ತಲೂ ಇದ್ದ. ಉದ್ದೇಶಪೂರ್ವಕವಾಗಿ ಮಾಡದ ಉಲ್ಲಂಘನೆ ಅಪರಾಧವಲ್ಲವೆಂದು ನ್ಯಾಯಾಲಯ ಅವನನ್ನು ಬಿಡುಗಡೆ ಮಾಡಿತು.

ಸಂಸತ್ತಿಗೆ ಇದು ಹಿಡಿಸಲಿಲ್ಲ. ತಿಳಿದು ಮಾಡಲಿ, ಬೇಕೆಂದೇ ಮಾಡಲಿ, ಹೇಗೇ ಮಾಡಲಿ ಶಿಕ್ಷೆ ತಪ್ಪದು ಎಂಬರ್ಥದ ಮಾತನ್ನು 1967ರಲ್ಲಿ 7ನೇ ಕಲಮಿಗೆ ಸೇರಿಸಿತು. 1974ರಲ್ಲಿ ಅದನ್ನು ತೆಗೆದು 10ಸಿ ಕಲಮನ್ನು ತಂದಿತು. ಕೆಟ್ಟ ಉದ್ದೇಶ ಇತ್ತೆಂದೇ ನ್ಯಾಯಾಲಯ ಭಾವಿಸಬೇಕು. ಇರಲಿಲ್ಲವೆಂದು ತೋರಿಸುವ ಹೊಣೆ ಆರೋಪಿಯದು, ಅದೂ ಸಂಶಯಕ್ಕೆ ಎಡೆಯಿಲ್ಲದಂತೆ. ಸಾಮಾನ್ಯ ಕ್ರಿಮಿನಲ್ ನ್ಯಾಯದಲ್ಲಿ ಸರಕಾರದ ಹೆಗಲ ಮೇಲಿರುವ ಭಾರ ಇಲ್ಲಿ ಅಂಗಡಿಕಾರನ ಮೇಲೆ ಬಿತ್ತು. ಇದು ಅತಿಯಾಯಿತೆಂದೇ ನನ್ನ ಅಭಿಪ್ರಾಯ.

ಜಪ್ತಿಯದು ಇನ್ನೊಂದು ದಾರಿ. 1966ರಲ್ಲಿ ಬಂದ 6ಎ ಕಲಮಿನಂತೆ, ಮೊಕದ್ದಮೆ ನಡೆಯಲಿ ಬಿಡಲಿ, ಜಿಲ್ಲಾಧಿಕಾರಿ ಸರಕನ್ನು ಮುಟ್ಟುಗೋಲು ಹಾಕಿಕೊಳ್ಳಬಹುದು. ಆಂಧ್ರದಲ್ಲಿ ಗೊಬ್ಬರ, ಆಹಾರಧಾನ್ಯಗಳ ವ್ಯಾಪಾರಿಯೊಬ್ಬನ ದಾಸ್ತಾನನ್ನು 1975ರಲ್ಲಿ ಜಪ್ತಿ ಮಾಡಿದ್ದರು. ಹಿಂದಿರುಗಿಸಲು ಆದೇಶವಾಗಿ, ಪಡೆಯಲು ಹೋದರೆ ಗೊಬ್ಬರ ಕೆಟ್ಟುಹೋಗಿತ್ತು. ನಷ್ಟವನ್ನು ಸರಕಾರವೇ ತುಂಬಿಕೊಡಬೇಕೆಂದು ಸುಪ್ರೀಂ ಕೋರ್ಟ್ ಹೇಳಿದ್ದು 1994ರಲ್ಲಿ.

ಕರ್ನಾಟಕದಲ್ಲಿ 1992ರ, ಅನಂತರ 2016ರ ಸಾರ್ವಜನಿಕ ವಿತರಣಾ ಪದ್ಧತಿ ನಿಯಂತ್ರಣ ಆದೇಶಗಳು ಈ ಕ್ರಮಗಳಿಗೆ ಆಧಾರ. ಆಹಾರ ನಿರೀಕ್ಷಕರು ಬಂದು, ಪಂಚರ ಎದುರು ಅಕ್ಕಿ ತೂಗಿಸಿ, ಪುಸ್ತಕದ ಉಳಿಕೆಯೊಂದಿಗೆ ತಾಳೆ ನೋಡಿ ಮಹಜರು ಬರೆಯುತ್ತಾರೆ. ಪ್ರಕರಣದ ಜೀವ ಇರುವುದು ಈ ಮಹಜರಿನಲ್ಲೇ. ತಕ್ಕಡಿ ಯಾವುದು, ಗೋಣಿಚೀಲದ ತೂಕ ಕಳೆದರೇ, ಎಲ್ಲ ಮೂಟೆ ತೂಗಿದರೇ ಅಥವಾ ನಾಲ್ಕಾರು ತೂಗಿ ಗುಣಿಸಿದರೇ ಎಂಬುದನ್ನು ಬರೆಯದೆ ಬಿಟ್ಟರೆ ಪಾಟೀಸವಾಲಿನಲ್ಲಿ ಇಡೀ ಪ್ರಕರಣ ಕುಸಿಯುತ್ತದೆ.

ಬಡವರ ಅಕ್ಕಿ ಕಾಳಸಂತೆಗೆ ಹೋಗುವುದು ಘೋರ ಅಪರಾಧ. ಅದರ ಬಗ್ಗೆ ಎರಡು ಮಾತಿಲ್ಲ. ಆದರೆ ಅದು ಅಂಗಡಿಯಲ್ಲೇ ಸೋರುತ್ತದೆಂದು ಮೊದಲೇ ತೀರ್ಮಾನಿಸುವುದು ತಪ್ಪು. ಗೋದಾಮಿನಲ್ಲೂ ಲಾರಿಯಲ್ಲೂ ಸೋರಿಕೆಗೆ ಅವಕಾಶವಿದೆ; ಆದರೆ ಬಾಗಿಲು ತೆರೆದು ಸುಲಭವಾಗಿ ಕೈಗೆ ಸಿಗುವವನು ಅಂಗಡಿಕಾರ. 2013ರ ಆಹಾರ ಭದ್ರತಾ ಕಾಯ್ದೆಯ 24ನೇ ಕಲಂ, ಧಾನ್ಯವನ್ನು ಪ್ರತಿ ನ್ಯಾಯಬೆಲೆ ಅಂಗಡಿಯ ಬಾಗಿಲಿಗೆ ತಲುಪಿಸುವ ಹೊಣೆಯನ್ನು ರಾಜ್ಯ ಸರಕಾರಕ್ಕೆ ವಹಿಸಿದೆ. ಹಾಗಾಗಿ ಬಾಗಿಲಲ್ಲಿ ಮೂಟೆ ಇಳಿಸುವಾಗ ತೂಗಿ, ಎರಡೂ ಕಡೆಯವರು ಸಹಿ ಹಾಕಿದ ಚೀಟಿಯನ್ನು ದೋಷಾರೋಪಣಾ ಪಟ್ಟಿಯ ಜೊತೆಗೇ ಹಾಜರುಪಡಿಸಬೇಕೆಂದು ನ್ಯಾಯಾಲಯಗಳು ಕೇಳಬೇಕು. ಆ ಚೀಟಿ ಇಲ್ಲದೆ 10ಸಿ ಕಲಮಿನ ಊಹೆಯನ್ನು ಅಂಗಡಿಕಾರನ ಮೇಲೆ ಹೊರಿಸುವುದು ನ್ಯಾಯವಲ್ಲ.