ಕೆ.ಎಸ್. ಪುಟ್ಟಣ್ಣಯ್ಯ: ಹಸಿರು ಶಾಲು ಹೊದ್ದೇ ವಿಧಾನಸಭೆಗೆ ಹೋದ ಕ್ಯಾತನಹಳ್ಳಿ ರೈತ

ಪಾಂಡವಪುರ: ರೈತ ಸಂಘದ ಹೆಸರು ಬಂದಾಗಲೆಲ್ಲ ಮಂಡ್ಯ ಜಿಲ್ಲೆಯಲ್ಲಿ ಮೊದಲು ನೆನಪಾಗೋರು ಕೆ.ಎಸ್. ಪುಟ್ಟಣ್ಣಯ್ಯ (1949–2018). ಪಾಂಡವಪುರ ತಾಲ್ಲೂಕಿನ ಕ್ಯಾತನಹಳ್ಳಿಯವರಾದ ಅವರು ಎರಡು ಸಲ ಶಾಸಕರಾದರು. ಎರಡು ಸಲವೂ ದೊಡ್ಡ ಪಕ್ಷಗಳ ಟಿಕೆಟ್ ಇಲ್ಲದೆ, ರೈತ ಚಳವಳಿಯ ಬಲದಿಂದಲೇ ಗೆದ್ದರು.

ಚಳವಳಿಯ ದಾರಿ

1980ರ ನರಗುಂದ–ನವಲಗುಂದ ರೈತ ಬಂಡಾಯದ ನಂತರ ರಾಜ್ಯದಲ್ಲಿ ರೈತ ಸಂಘ ಬೆಳೆಯಿತು. ಪ್ರೊ. ಎಂ.ಡಿ. ನಂಜುಂಡಸ್ವಾಮಿ ಅವರಂಥ ನಾಯಕರ ಜೊತೆ ಪುಟ್ಟಣ್ಣಯ್ಯ ಹಳೇ ಮೈಸೂರು ಭಾಗದಲ್ಲಿ ಸಂಘಟನೆ ಕಟ್ಟಿದರು. ಸಾಲ ವಸೂಲಿಗೆ ಬಂದು ರೈತನ ಮನೆ ಸಾಮಾನು ಜಪ್ತಿ ಮಾಡಿದರೆ, ಸಂಘದವರು ಹೋಗಿ ಅದನ್ನು ವಾಪಸ್ ತರೋ 'ಮರುಜಪ್ತಿ' ಚಳವಳಿ ಆ ಕಾಲದ್ದು. ಹೆಗಲ ಮೇಲಿನ ಹಸಿರು ಶಾಲು ಅಧಿಕಾರಿಗಳ ಮುಂದೆ ರೈತ ತಲೆಯೆತ್ತಿ ಮಾತಾಡೋ ಧೈರ್ಯದ ಗುರುತಾಯಿತು.

ಕಬ್ಬಿನ ಬಾಕಿ, ಕಾವೇರಿ ನೀರು, ಕೃಷಿ ಸಾಲ ಅವರ ಹೋರಾಟದ ಮುಖ್ಯ ವಿಷಯಗಳು. ಇದು ಬರೀ ರೈತರ ಸಂಗತಿಯೂ ಆಗಿರಲಿಲ್ಲ. ಕಬ್ಬು ಕಾರ್ಖಾನೆಗೆ ಸೇರಿದ 14 ದಿನದೊಳಗೆ ಹಣ ಕೊಡಬೇಕು ಅನ್ನುತ್ತೆ 1966ರ ಕಬ್ಬು ನಿಯಂತ್ರಣ ಆದೇಶ. ಆ ದುಡ್ಡು ತಡವಾದರೆ ಗೊಬ್ಬರದ ಅಂಗಡಿ, ದಿನಸಿ ಅಂಗಡಿ, ಬಟ್ಟೆ ಅಂಗಡಿಗಳ ಸಾಲದ ಪುಸ್ತಕವೂ ಉದ್ದವಾಗುತ್ತೆ. ತಾಲ್ಲೂಕಿನ ವ್ಯಾಪಾರ ನಡೆಯೋದೇ ಕಬ್ಬು, ಭತ್ತದ ದುಡ್ಡಿನ ಮೇಲೆ.

ಗೆಲುವು, ಸೋಲು, ಮತ್ತೆ ಗೆಲುವು

1994ರಲ್ಲಿ ಪಾಂಡವಪುರ ಕ್ಷೇತ್ರದಿಂದ ರೈತ ಸಂಘದ ಅಭ್ಯರ್ಥಿಯಾಗಿ ಪುಟ್ಟಣ್ಣಯ್ಯ ಗೆದ್ದರು. ರೈತ ಸಂಘದ ಚುನಾವಣೆ ಅಂದರೆ 'ಒಂದು ವೋಟು, ಒಂದು ನೋಟು': ಮತದ ಜೊತೆ ಖರ್ಚಿಗೆ ಕೈಲಾದಷ್ಟು ಹಣವನ್ನೂ ಊರವರೇ ಕೊಡಬೇಕು ಅನ್ನೋ ಮಾತು.

ಮುಂದೆ ರೈತ ಸಂಘ ಒಡೆದು ಬಣಗಳಾದವು. 2005ರಲ್ಲಿ ಸಾಹಿತಿ ದೇವನೂರ ಮಹಾದೇವ ಅವರಂಥವರ ಜೊತೆಗೂಡಿ ರೈತ, ದಲಿತ ಸಂಘಟನೆಗಳು ಸರ್ವೋದಯ ಕರ್ನಾಟಕ ಪಕ್ಷ ಕಟ್ಟಿದವು. ಕ್ಷೇತ್ರ ಪುನರ್ವಿಂಗಡಣೆಯಿಂದ ಪಾಂಡವಪುರ ಕ್ಷೇತ್ರ ಮೇಲುಕೋಟೆ ಆಯಿತು. 2008ರಲ್ಲಿ ಅಲ್ಲಿ ಜೆಡಿಎಸ್‌ನ ಸಿ.ಎಸ್. ಪುಟ್ಟರಾಜು ಗೆದ್ದರು. 2013ರಲ್ಲಿ ಅದೇ ಪುಟ್ಟರಾಜು ಅವರನ್ನು ಸೋಲಿಸಿ, ಪುಟ್ಟಣ್ಣಯ್ಯ 19 ವರ್ಷದ ನಂತರ ಮತ್ತೆ ವಿಧಾನಸಭೆಗೆ ಹೋದರು.

ಸದನದಲ್ಲಿ ಒಬ್ಬರೇ

ಸದನದಲ್ಲಿ ಅವರ ಪಕ್ಷಕ್ಕೆ ಇದ್ದದ್ದು ಅವರೊಬ್ಬರೇ. ಸರ್ಕಾರ ಬೀಳಿಸೋ, ಉಳಿಸೋ ಸಂಖ್ಯಾಬಲ ಅವರಿಗಿರಲಿಲ್ಲ. ಇದ್ದದ್ದು ಮಾತು ಮಾತ್ರ. ಬಜೆಟ್ ಲೆಕ್ಕವನ್ನೂ ಹೊಲದ ಲೆಕ್ಕಕ್ಕೆ ತಂದು, ಹಳ್ಳಿ ಭಾಷೆಯಲ್ಲೇ ಕೇಳೋರು. 2015ರಲ್ಲಿ ಮಂಡ್ಯ ಜಿಲ್ಲೆಯಲ್ಲಿ ರೈತರ ಆತ್ಮಹತ್ಯೆಗಳು ಹೆಚ್ಚಾದಾಗ ಈ ಮಾತಿಗೆ ತೂಕ ಬಂತು. ಆದರೆ ಬೆಳೆಗೆ ನ್ಯಾಯವಾದ ಬೆಲೆ ಅನ್ನೋ ಮುಖ್ಯ ಬೇಡಿಕೆ ಅವರ ಕಾಲದಲ್ಲಿ ಈಡೇರಲಿಲ್ಲ. ಒಬ್ಬ ಶಾಸಕ ಪ್ರಶ್ನೆ ಕೇಳಬಹುದು, ತೀರ್ಮಾನಕ್ಕೆ ಸಂಖ್ಯೆ ಬೇಕು. ಚಳವಳಿ ರಾಜಕಾರಣದ ಬಲವೂ ಅಲ್ಲೇ ಇತ್ತು, ಮಿತಿಯೂ ಅಲ್ಲೇ ಇತ್ತು.

ಕೊನೆ ದಿನ ಮತ್ತು ನಂತರ

2018ರ ಫೆಬ್ರುವರಿ 18ರಂದು ಮಂಡ್ಯದಲ್ಲಿ ಕಬಡ್ಡಿ ಪಂದ್ಯ ನೋಡುತ್ತಿದ್ದಾಗ ಹೃದಯಾಘಾತದಿಂದ ಅವರು ತೀರಿಕೊಂಡರು. ಆಗ ವಯಸ್ಸು 68, ಇನ್ನೂ ಶಾಸಕರಾಗಿದ್ದರು.

ವಿದೇಶದಲ್ಲಿ ಸಾಫ್ಟ್‌ವೇರ್ ಕ್ಷೇತ್ರದಲ್ಲಿದ್ದ ಮಗ ದರ್ಶನ್ ಪುಟ್ಟಣ್ಣಯ್ಯ ಅದೇ ವರ್ಷ ಮೇಲುಕೋಟೆಯಿಂದ ಸ್ಪರ್ಧಿಸಿ ಪುಟ್ಟರಾಜು ಎದುರು ಸೋತರು. 2023ರಲ್ಲಿ ಸರ್ವೋದಯ ಕರ್ನಾಟಕ ಪಕ್ಷದಿಂದ ನಿಂತು ಗೆದ್ದರು. ಆ ಚುನಾವಣೆಯಲ್ಲಿ ಕಾಂಗ್ರೆಸ್ ಅವರಿಗೆ ಬೆಂಬಲ ಕೊಟ್ಟಿತ್ತು. ದೊಡ್ಡ ಪಕ್ಷದ ಜೊತೆ ನಿಂತೂ ಹಸಿರು ಶಾಲಿನ ದನಿ ಬೇರೆಯಾಗಿ ಉಳಿಯುತ್ತಾ ಅನ್ನೋ ಪ್ರಶ್ನೆ ಈಗ ಕ್ಷೇತ್ರದ ಜನರ ಮುಂದಿದೆ.