ಹತ್ತೂವರೆ ಗುಂಟೆ

ಸರಪಳಿಯ ಉದ್ದ 33 ಅಡಿ, ಅದಕ್ಕೆ 16 ಆಣೆ. ಒಂದು ಸರಪಳಿ ಉದ್ದ, ಒಂದು ಸರಪಳಿ ಅಗಲವಾದರೆ ಒಂದು ಗುಂಟೆ, 40 ಗುಂಟೆ ಸೇರಿದರೆ ಎಕರೆ. ತುಮಕೂರು ಸೀಮೆಯ ಒಂದು ತಾಲ್ಲೂಕಿನಲ್ಲಿ ಸರ್ವೇಯರ್ ಆಗಿ ಕೆಲಸಕ್ಕೆ ಸೇರಿದಾಗ ನಾನು ಮೊದಲು ಬಾಯಿಪಾಠ ಮಾಡಿದ್ದು ಇದನ್ನೇ. ಮೈಸೂರು ಸೀಮೆಯಲ್ಲಿ 1863ರಲ್ಲಿ ಶುರುವಾದ ಸರ್ವೆ ಹೊಲಹೊಲಕ್ಕೂ ನಂಬರು ಕೊಟ್ಟು, ಮೂಲೆಮೂಲೆಗೆ ಬಾಂದು ಕಲ್ಲು ನೆಟ್ಟು ಹೋಯಿತು. ಆ ಕಲ್ಲು ಹುಡುಕುವುದರಲ್ಲೇ ನನ್ನ ನೌಕರಿ ಅರ್ಧ ಸವೆದಿದೆ. ಭಾಗದ ಕೇಸು ನಡೆಯುವ ಹೊಲದಲ್ಲಿ ಮೊದಲು ಕಾಣೆಯಾಗುವುದು ಬಾಂದು ಕಲ್ಲು, ಆಮೇಲೆ ಮಾತುಕತೆ.

ಕಂದಾಯದ ಜಮೀನನ್ನು ಸಿವಿಲ್ ಕೋರ್ಟು ತಾನೇ ಕೊಯ್ದು ಕೊಡುವುದಿಲ್ಲ. ಯಾರಿಗೆ ಎಷ್ಟು ಅಂಶ ಎಂದು ಪ್ರಾಥಮಿಕ ಡಿಕ್ರಿ ಬರೆಯುತ್ತದೆ. 1908ರ ಸಿವಿಲ್ ಪ್ರೊಸೀಜರ್ ಕೋಡಿನ 54ನೇ ಕಲಮಿನಂತೆ ಗೆರೆ ಎಳೆಯುವುದು ಕಲೆಕ್ಟರ ಕೆಲಸ, ಅಂದರೆ ನಮ್ಮಲ್ಲಿ ಡಿಸಿಯದು. ಫೈಲು ಡಿಸಿ ಕಚೇರಿಯಿಂದ ತಹಶೀಲ್ದಾರರಿಗೆ, ಅಲ್ಲಿಂದ ನನ್ನಂಥವನ ಕಂಕುಳಿಗೆ ಬರುತ್ತಿತ್ತು. 1985ರಲ್ಲಿ ಹಾಗೆ ಬಂದದ್ದು ಒಂದು ಹೊಲದ ಫೈಲು: 4 ಎಕರೆ 8 ಗುಂಟೆ, 7 ಸರಪಳಿ ಅಗಲ, 24 ಸರಪಳಿ ಉದ್ದ. ಮೂವರು ತಮ್ಮಂದಿರು, ಒಬ್ಬ ಅಕ್ಕ. ತಾಯಿ ಮೊದಲೇ ಇಲ್ಲ, ತಂದೆ 1979ರಲ್ಲಿ ತೀರಿಕೊಂಡಿದ್ದರು.

1956ರ ಹಿಂದೂ ಉತ್ತರಾಧಿಕಾರ ಕಾಯ್ದೆಯ ಲೆಕ್ಕ ವಿಚಿತ್ರ. ಸಾಯುವ ಮುಂಚಿನ ಕ್ಷಣದಲ್ಲಿ ತಂದೆ ಗಂಡುಮಕ್ಕಳೊಡನೆ ಭಾಗವಾದರೆಂದು ಭಾವಿಸಿಕೊಳ್ಳಬೇಕು. ಆಗ ತಂದೆಗೆ ಬರುವ ಕಾಲುಭಾಗವನ್ನಷ್ಟೇ ನಾಲ್ವರು ಮಕ್ಕಳಿಗೂ ಸಮನಾಗಿ ಹಂಚಬೇಕು. ತಮ್ಮಂದಿರಿಗೆ ತಲಾ ಐವತ್ತೆರಡೂವರೆ ಗುಂಟೆ, ಅಕ್ಕನಿಗೆ ಹತ್ತೂವರೆ.

ಆಕೆ ಬದುವಿನ ಮೇಲೆ ನಿಂತಿದ್ದಳು. “ಸ್ವಾಮಿ, ಹತ್ತೂವರೆ ಗುಂಟೆ ಅಂದ್ರೆ ಎಲ್ಲಿಂದ ಎಲ್ಲೀಗಂಟ? ವಸಿ ನಡ್ದು ತೋರ್ಸಿ” ಅಂದಳು. ತೆಂಕಲ ಬದುವಿನಿಂದ ಹೆಜ್ಜೆ ಹಾಕಿದೆ. ಒಂದೂವರೆ ಸರಪಳಿ, ಇಪ್ಪತ್ತು ಹೆಜ್ಜೆ. ನಿಂತೆ. “ಅಷ್ಟೇಯಾ?” ಎಂದು ಕೇಳಿ ಆಕೆ ಹೊಂಗೆ ಮರದಡಿ ಹೋಗಿ ಕುಳಿತಳು. ಮಹಜರಿಗೆ ಹೆಬ್ಬೆಟ್ಟು ಒತ್ತುವಾಗಲೂ ಮತ್ತೆ ಮಾತಾಡಲಿಲ್ಲ.

ಹುಟ್ಟುತ್ತಲೇ ಮಗನಿಗೆ ಆಸ್ತಿಯಲ್ಲಿ ಹಕ್ಕು ಎಂಬ ವಾದವನ್ನು ಗಟ್ಟಿಯಾಗಿ ನಿಲ್ಲಿಸಿದ್ದು ನಮ್ಮ ನೆಲದಲ್ಲೇ ಬರೆದ ಗ್ರಂಥ. ಕಲ್ಯಾಣದಲ್ಲಿ, ಅಂದರೆ ಇಂದಿನ ಬಸವಕಲ್ಯಾಣದಲ್ಲಿ, ಆರನೇ ವಿಕ್ರಮಾದಿತ್ಯನ ಕಾಲದಲ್ಲಿ ವಿಜ್ಞಾನೇಶ್ವರ ಬರೆದ ಮಿತಾಕ್ಷರ ಅದು. ಬಂಗಾಳದ ಕಡೆ ಬಿಟ್ಟರೆ ದೇಶದ ಬಹುಭಾಗದ ಹಿಂದೂ ಕುಟುಂಬಗಳ ಪಾಲಿನ ವ್ಯಾಜ್ಯಕ್ಕೆ ಇದೇ ತಳಹದಿಯಾಯಿತು. ಹಿರಿಯ ಮಗನಿಗೆ ಹೆಚ್ಚು ಕೊಡುವ ಮಾತು ಶಾಸ್ತ್ರದಲ್ಲಿದ್ದರೂ ಜನ ಅದನ್ನು ಒಪ್ಪುವುದಿಲ್ಲ, ಆದ್ದರಿಂದ ಆಚರಿಸಬಾರದು ಎಂದೂ ವಿಜ್ಞಾನೇಶ್ವರ ಹೇಳುತ್ತಾನೆ. ಒಂಬತ್ತು ಶತಮಾನ ಕಳೆದ ಮೇಲೂ ನನ್ನೆದುರು ನಿಂತ ದೊಡ್ಡ ತಮ್ಮ “ಹಿರೀ ಪಾಲು” ಅಂತ ಬಾವಿ ಪಕ್ಕದ ಎರಡು ತೆಂಗಿನ ಮರ ಕೇಳಿದ!

ಹೆಣ್ಣುಮಕ್ಕಳ ವಿಷಯದಲ್ಲಿ ಮೈಸೂರು ಸಂಸ್ಥಾನ ಬ್ರಿಟಿಷ್ ಇಂಡಿಯಾಕ್ಕಿಂತ ಮುಂದಿತ್ತು. 1933ರ ಕಾಯ್ದೆ ಭಾಗದ ಸಮಯದಲ್ಲಿ ಮದುವೆಯಾಗದ ಮಗಳಿಗೆ ಅಣ್ಣತಮ್ಮಂದಿರ ಪಾಲಿನ ಕಾಲಂಶ ಕೊಟ್ಟಿತು. ಕರ್ನಾಟಕ 1994ರ ಜುಲೈ 30ರಿಂದ ಮಗಳನ್ನೂ ಮಗನಂತೆ ಹುಟ್ಟಿನಿಂದಲೇ ಪಾಲುದಾರಳನ್ನಾಗಿ ಮಾಡಿತು. ಆದರೆ ಅದಕ್ಕೂ ಮುಂಚೆ ಮದುವೆಯಾದವರಿಗೆ ಇಲ್ಲ ಎಂದಿತು. ನಮ್ಮ ಅಕ್ಕನ ಮದುವೆ 1968ರಲ್ಲಿ.

ಇಷ್ಟರಲ್ಲಿ ಕೇಸು ಮುಗಿದಿರಬೇಕಿತ್ತು. ಮುಗಿಯದೆ ಇದ್ದದ್ದಕ್ಕೆ ಕಾರಣ ಅಂಶವಲ್ಲ, ಬಾವಿ. ಅದು ದೊಡ್ಡವನ ತುಂಡಿಗೆ ಬಿತ್ತು. ಬಾವಿಯಲ್ಲಿ ಮೂವರಿಗೂ ಹಕ್ಕು ಎಂದಿತ್ತು ಡಿಕ್ರಿ, ಅಲ್ಲಿಗೆ ಹೋಗುವ ದಾರಿಯ ಮಾತೇ ಇರಲಿಲ್ಲ. ಎರಡು ಆಳು ನಡೆಯುವಷ್ಟು ಸಾಕು ಎಂದ ದೊಡ್ಡವನು, ಬಂಡಿ ಹೋಗಬೇಕು ಎಂದರು ಉಳಿದವರು. ನನ್ನ ನಕ್ಷೆಗೆ ತಕರಾರು, ಮರು ಅಳತೆ, ಅದಕ್ಕೂ ತಕರಾರು. ನನಗೆ ವರ್ಗವಾಯಿತು. ಮನೆಯೂ ದಾವಾದಲ್ಲಿ ಸೇರಿದ್ದರಿಂದ ಅಂತಿಮ ಡಿಕ್ರಿಯ ಅರ್ಜಿ ಕೋರ್ಟಿನಲ್ಲೇ ಕುಳಿತಿತ್ತು.

ಅದು ಕುಳಿತದ್ದೇ ಅಕ್ಕನಿಗೆ ಒದಗಿ ಬಂತು. 2005ರ ಸೆಪ್ಟೆಂಬರ್ 9ರಿಂದ ಕೇಂದ್ರದ ತಿದ್ದುಪಡಿ ಮದುವೆಯಾದ ಮಗಳಿಗೂ ಸಮಪಾಲು ಕೊಟ್ಟಿತು. ಪ್ರಾಥಮಿಕ ಡಿಕ್ರಿ ಒಂದಕ್ಕಿಂತ ಹೆಚ್ಚು ಆಗಬಹುದೆಂದು ಸುಪ್ರೀಂ ಕೋರ್ಟು 1967ರಲ್ಲೇ ಹೇಳಿತ್ತು. ಆಕೆ ಅರ್ಜಿ ಹಾಕಿದಳು. 2015ರಲ್ಲಿ ಪ್ರಕಾಶ್–ಫೂಲವತಿ ತೀರ್ಪು ಬಂದು, ತಿದ್ದುಪಡಿಯ ದಿನ ತಂದೆ ಬದುಕಿರಬೇಕು ಎಂದಿತು. ಆಕೆಯ ಅರ್ಜಿ ಬಿತ್ತು. 2020ರ ಆಗಸ್ಟ್ 11ರಂದು ವಿನೀತಾ ಶರ್ಮಾ ತೀರ್ಪು ಅದನ್ನು ಅಳಿಸಿತು: ತಂದೆ ಬದುಕಿರಬೇಕಿಲ್ಲ, ಅಂತಿಮ ಡಿಕ್ರಿ ಬಾಕಿಯಿರುವ ಕೇಸಿನಲ್ಲೂ ಮಗಳಿಗೆ ಸಮಪಾಲು.

ಆ ವೇಳೆಗೆ ನಾನು ನಿವೃತ್ತ. ಆಕೆಯ ಮಗ ಹಳೇ ನಕ್ಷೆಯ ನಕಲು ಹಿಡಿದು ಮನೆಗೆ ಬಂದ. ಕೂತು ಲೆಕ್ಕ ಹಾಕಿದೆವು. ನಾಲ್ವರಿಗೂ ತಲಾ 42 ಗುಂಟೆ, 1 ಎಕರೆ 2 ಗುಂಟೆ. ಅದೇ ಹೊಲದಲ್ಲಿ ಆರು ಸರಪಳಿ. ಇಪ್ಪತ್ತು ಹೆಜ್ಜೆ ಎಂಬತ್ತಾಯಿತು. “ಅಮ್ಮ ಈಗ ಅಷ್ಟು ನಡೆಯಲಾರಳು” ಎಂದ ಹುಡುಗ.

ಪಾಲುಪಟ್ಟಿ ಬರೆಸುವವರಲ್ಲಿ ನನ್ನದೊಂದು ವಿನಂತಿ. ಅಂಶವನ್ನು ವಕೀಲರು ಸರಿಯಾಗಿಯೇ ಬರೆಯುತ್ತಾರೆ. ಬಾವಿಗೆ, ಕಣಕ್ಕೆ ಹೋಗುವ ದಾರಿ ಎಷ್ಟು ಅಡಿ ಅಗಲ, ಯಾರ ಬದುವಿನ ಪಕ್ಕದಲ್ಲಿ ಎಂಬುದನ್ನೂ ಚಕ್ಕುಬಂದಿಯ ಕೆಳಗೆ ಒಂದು ಸಾಲು ಬರೆಸಿ, ಎಲ್ಲರ ರುಜು ಹಾಕಿಸಿ.